ಮಹಾರಾಷ್ಟ್ರದಲ್ಲಿ ಮರಣದಂಡನೆಯ ಮೊಕದ್ದಮೆ: ಇಲ್ಲಿನ ಕನ್ನಡಿಗರು ತಿಳಿದಿರಬೇಕಾದ ಸಂಗತಿಗಳು

ಮುಂಬೈ, ಪುಣೆಗಳಲ್ಲಿ ನೆಲೆಸಿದ ಕನ್ನಡಿಗರಲ್ಲಿ ಹೆಚ್ಚಿನವರಿಗೆ ಸೆಷನ್ಸ್ ನ್ಯಾಯಾಲಯದ ಮೆಟ್ಟಿಲು ಹತ್ತುವ ಸಂದರ್ಭ ಬರುವುದಿಲ್ಲ. ಬಂದರೆ, ಹೋಟೆಲಿನಲ್ಲಿ ಕೆಲಸಕ್ಕಿದ್ದ ಊರ ಹುಡುಗನಿಗಾಗಿಯೋ, ಕಲಬುರಗಿ, ಯಾದಗಿರಿ ಕಡೆಯಿಂದ ಕಟ್ಟಡದ ಕೆಲಸಕ್ಕೆ ಬಂದವನಿಗಾಗಿಯೋ ಬರುತ್ತದೆ; ಅವನ ಮನೆಯವರು ಊರಿನಲ್ಲಿರುವುದರಿಂದ ಠಾಣೆಯ ಫೋನು ಮಾಲೀಕರಿಗೆ ಅಥವಾ ಇಲ್ಲಿರುವ ಸಂಬಂಧಿಕರಿಗೆ ಬರುತ್ತದೆ. ಆರೋಪ ಕೊಲೆಯದ್ದಾಗಿದ್ದರೆ ಆ ಮೊದಲ ಕೆಲವು ದಿನಗಳಲ್ಲಿ ಏನು ಬರೆಯಲಾಯಿತು, ಏನನ್ನು ಬರೆಯದೆ ಬಿಡಲಾಯಿತು ಎಂಬುದನ್ನು ಮುಂದಿನ ನ್ಯಾಯಾಲಯಗಳು ಸರಿಪಡಿಸಲು ದಶಕಗಳೇ ಹಿಡಿಯಬಹುದು. ಈ ಬರಹವನ್ನು ಫೋನು ಎತ್ತಿಕೊಳ್ಳುವ ಆ ವ್ಯಕ್ತಿಗಾಗಿ ಬರೆಯಲಾಗಿದೆ.

ಮೂಲ ಕಾನೂನು ಎರಡೂ ರಾಜ್ಯಗಳಲ್ಲಿ ಒಂದೇ. 2024ರ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆ ಮತ್ತು ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಗಳು ಜಾರಿಯಲ್ಲಿವೆ. ಹಳೆಯ ಭಾರತೀಯ ದಂಡ ಸಂಹಿತೆಯ 302ನೇ ಕಲಮಿನ ಕೊಲೆ ಈಗ ನ್ಯಾಯ ಸಂಹಿತೆಯ 103ನೇ ಕಲಮಿನಲ್ಲಿದೆ. ಜೀವಾವಧಿ ಶಿಕ್ಷೆಯೇ ನಿಯಮ, ಮರಣದಂಡನೆ ಅಪರೂಪದಲ್ಲಿ ಅಪರೂಪದ ಪ್ರಕರಣಕ್ಕೆ ಮಾತ್ರ ಎಂದು ಸುಪ್ರೀಂ ಕೋರ್ಟು 1980ರಲ್ಲಿ ಬಚನ್ ಸಿಂಗ್ ಪ್ರಕರಣದಲ್ಲಿ ಹೇಳಿತ್ತು.

ಹೊರರಾಜ್ಯದಿಂದ ಬಂದವರಿಗೆ ಪಾಠವಾಗುವ ಪ್ರಕರಣ ಪುಣೆಯದ್ದೇ ಇದೆ. 1994ರ ಆಗಸ್ಟಿನಲ್ಲಿ ಇಲ್ಲಿ ಒಂದೇ ಮನೆಯ ಐವರು ಹೆಂಗಸರನ್ನೂ ಇಬ್ಬರು ಮಕ್ಕಳನ್ನೂ ಕೊಲ್ಲಲಾಯಿತು. ಆರೋಪಿಗಳಲ್ಲಿ ಒಬ್ಬನು ರಾಜಸ್ಥಾನದ ಹಳ್ಳಿಯಿಂದ ಬಂದವನು. ಪೊಲೀಸ್ ದಾಖಲೆಗಳಲ್ಲಿ ಅವನು ವಯಸ್ಕನೆಂದೇ ನಮೂದಾದನು; 1998ರಲ್ಲಿ ಪುಣೆಯ ನ್ಯಾಯಾಲಯ ಅವನಿಗೆ ಮರಣದಂಡನೆ ವಿಧಿಸಿತು, 2000ರಲ್ಲಿ ಸುಪ್ರೀಂ ಕೋರ್ಟು ಅದನ್ನು ಎತ್ತಿಹಿಡಿಯಿತು. ಅವನ ಊರಿನ ಶಾಲೆಯ ದಾಖಲೆಯಲ್ಲಿ ಬೇರೊಂದು ರೂಪದ ಹೆಸರಿನ ಎದುರು 1982ರ ಫೆಬ್ರುವರಿ 1 ಎಂಬ ಜನ್ಮದಿನಾಂಕವಿತ್ತು. ಎಂದರೆ ಕೃತ್ಯ ನಡೆದಾಗ ಅವನಿಗೆ ಹನ್ನೆರಡೂವರೆ ವರ್ಷ. ಆ ಹೆಸರಿನವನೂ ಇವನೂ ಒಬ್ಬನೇ, ಆ ದಿನಾಂಕ ಸರಿಯಾದುದು ಎಂದು ಸುಪ್ರೀಂ ಕೋರ್ಟು ಒಪ್ಪಿಕೊಂಡು ಅವನನ್ನು ಬಿಡುಗಡೆ ಮಾಡಿದ್ದು 2023ರ ಮಾರ್ಚಿನಲ್ಲಿ, ಅವನು ಇಪ್ಪತ್ತೆಂಟು ವರ್ಷಕ್ಕೂ ಮೇಲ್ಪಟ್ಟು ಜೈಲಿನಲ್ಲಿ ಕಳೆದ ಮೇಲೆ. ಅವನು ನಿರಪರಾಧಿ ಎಂದು ನ್ಯಾಯಾಲಯವೇನೂ ಹೇಳಲಿಲ್ಲ. ಆದರೆ ಆ ವಯಸ್ಸಿನವನಿಗೆ ಕಾನೂನು ಕೊಡಬಹುದಾದ ಗರಿಷ್ಠ ಅವಧಿ ಮೂರು ವರ್ಷ, ಗಲ್ಲಿನ ಮಾತಂತೂ ಬರುವಂತೆಯೇ ಇಲ್ಲ.

ಆದ್ದರಿಂದ ಬಂಧನದ ಕಾಗದ ಕೈಗೆ ಬಂದೊಡನೆ ಮೊದಲು ನೋಡಬೇಕಾದ ಅಂಕಣ ವಯಸ್ಸಿನದು. ಅಲ್ಲಿ ಅಂದಾಜಿನಿಂದ ಇಪ್ಪತ್ತು ಎಂದು ಬರೆದಿದ್ದು, ಹುಡುಗ ಹದಿನೇಳರವನೆಂಬ ಅನುಮಾನ ನಿಮಗಿದ್ದರೆ, ಊರಿನ ಶಾಲೆಯ ದಾಖಲಾತಿ ಪುಸ್ತಕದಿಂದ ಜನ್ಮದಿನಾಂಕದ ಪ್ರಮಾಣಪತ್ರವನ್ನು ಕೂಡಲೇ ತರಿಸಬೇಕು. ಬಾಲನ್ಯಾಯ ಕಾಯ್ದೆಯ 94ನೇ ಕಲಮಿನ ಪ್ರಕಾರ ಶಾಲೆಯ ಪ್ರಮಾಣಪತ್ರ ಅಥವಾ ಎಸ್ಸೆಸ್ಸೆಲ್ಸಿ ಅಂಕಪಟ್ಟಿಗೆ ಮೊದಲ ಸ್ಥಾನ, ಅದಿಲ್ಲದಿದ್ದರೆ ಪಂಚಾಯಿತಿ ಅಥವಾ ಪುರಸಭೆಯ ಜನನ ಪ್ರಮಾಣಪತ್ರ. ಎರಡೂ ಇಲ್ಲದಾಗ ಮಾತ್ರ ಮೂಳೆಯ ಪರೀಕ್ಷೆ. ಆಧಾರ್ ಕಾರ್ಡ್ ಈ ಸಾಲಿನಲ್ಲಿಲ್ಲ. ಶಾಲೆಯಲ್ಲಿ ತಂದೆಯ ಹೆಸರು ಮೊದಲು, ಇಲ್ಲಿನ ಕಾಗದದಲ್ಲಿ ಮರಾಠಿ ಪದ್ಧತಿಯಂತೆ ನಡುವೆ, ಅಡ್ಡಹೆಸರಿನ ಜಾಗದಲ್ಲಿ ಊರಿನ ಹೆಸರು ಎಂದಾದರೆ ಎರಡೂ ಒಬ್ಬನವೇ ಎಂದು ತೋರಿಸುವ ದಾಖಲೆಯೂ ಬೇಕಾಗುತ್ತದೆ. ಈ ವಾದವನ್ನು ಯಾವ ಹಂತದಲ್ಲಿಯೂ, ಅಂತಿಮ ತೀರ್ಪಿನ ನಂತರವೂ ಎತ್ತಬಹುದು ಎಂದು ಕಾಯ್ದೆ ಹೇಳುತ್ತದಾದರೂ, ಹಳೆಯ ಪುಸ್ತಕಗಳು ಗೆದ್ದಲು ಹಿಡಿಯುವ ಮುನ್ನ ಎತ್ತುವುದು ಕ್ಷೇಮ. ಹದಿನಾರರಿಂದ ಹದಿನೆಂಟರೊಳಗಿನವರನ್ನು ಘೋರ ಅಪರಾಧಗಳಲ್ಲಿ ವಯಸ್ಕರಂತೆ ವಿಚಾರಣೆಗೆ ಒಳಪಡಿಸಲು ಈಗ ಅವಕಾಶವಿದೆ. ಆಗಲೂ ಮರಣದಂಡನೆ ನಿಷಿದ್ಧ.

ಎರಡನೆಯ ತೊಡಕು ಭಾಷೆಯದು. ಇಲ್ಲಿ ಪಂಚನಾಮೆ, ಹೇಳಿಕೆ, ಬಂಧನದ ಕಾಗದ ಎಲ್ಲವೂ ಸಾಮಾನ್ಯವಾಗಿ ಮರಾಠಿಯಲ್ಲಿ. ಹಿಂದಿ ಕಲಿತವನು ಆ ಅಕ್ಷರಗಳನ್ನು ಕೂಡಿಸಿ ಓದಬಲ್ಲನು, ಹಾಗೆಂದು ಅವನಿಗೆ ಅರ್ಥವಾಯಿತೆಂದು ತಿಳಿಯುವುದು ಅಪಾಯಕಾರಿ. ವರಳಿಯ ಕಾರು ಅಪಘಾತದ ಮೊಕದ್ದಮೆಯಿಂದ ಹುಟ್ಟಿದ ಮಿಹಿರ್ ರಾಜೇಶ್ ಶಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 2025ರ ನವೆಂಬರ್ 6ರಂದು, ಬಂಧನದ ಕಾರಣಗಳನ್ನು ಬಂಧಿತನಿಗೆ ತಿಳಿಯುವ ಭಾಷೆಯಲ್ಲಿಯೇ ಬರವಣಿಗೆಯಲ್ಲಿ ಕೊಡಬೇಕು, ತಕ್ಷಣ ಸಾಧ್ಯವಾಗದಿದ್ದರೂ ರಿಮಾಂಡಿಗೆ, ಎಂದರೆ ಬಂಧನ ಮುಂದುವರಿಸಲು ಮ್ಯಾಜಿಸ್ಟ್ರೇಟರ ಮುಂದೆ, ಹಾಜರುಪಡಿಸುವ ಎರಡು ಗಂಟೆ ಮೊದಲಾದರೂ ಕೊಡಬೇಕು ಎಂದು ವಿಧಿಸಿತು. ಕನ್ನಡದಲ್ಲಿ ಕೊಡಿ ಎಂದು ಕೇಳುವುದು ಉದ್ಧಟತನವಲ್ಲ, ಹಕ್ಕು. ವಿಚಾರಣೆಯ ವೇಳೆ ಸಾಕ್ಷಿ ನುಡಿದದ್ದನ್ನು ಆರೋಪಿಗೆ ತಿಳಿಯುವ ಭಾಷೆಯಲ್ಲಿ ತಿಳಿಸಿ ಹೇಳಬೇಕೆಂಬ ನಿಯಮವೂ ನಾಗರಿಕ ಸುರಕ್ಷಾ ಸಂಹಿತೆಯಲ್ಲಿದೆ. ವಕೀಲರು ಕೇಳದಿದ್ದರೆ ಅದು ಕಾಗದದಲ್ಲಿಯೇ ಉಳಿಯುತ್ತದೆ. ಯಕ್ಷಗಾನದ ಮೇಳಕ್ಕೆ ಪ್ರಾಯೋಜಕರ ಪಟ್ಟಿಯನ್ನು ಅಚ್ಚುಕಟ್ಟಾಗಿ ಇಟ್ಟುಕೊಳ್ಳುವ ನಮ್ಮ ಸಂಘಗಳು ಕನ್ನಡ ಬಲ್ಲ ಕ್ರಿಮಿನಲ್ ವಕೀಲರ ಪಟ್ಟಿಯೊಂದನ್ನೂ ಇಟ್ಟುಕೊಳ್ಳಬಹುದಿತ್ತು. ಹಣವಿಲ್ಲದಿದ್ದರೆ, ಬಂಧನದಲ್ಲಿರುವ ಯಾರಿಗೇ ಆಗಲಿ ಆದಾಯ ನೋಡದೆ ಉಚಿತ ವಕೀಲರನ್ನು ಕೊಡಬೇಕೆಂದು 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆ ಹೇಳುತ್ತದೆ; ಸಹಾಯವಾಣಿಯ ಸಂಖ್ಯೆ 15100.

ಪೊಲೀಸರ ಮುಂದಿನ ತಪ್ಪೊಪ್ಪಿಗೆಗೆ ಸಾಮಾನ್ಯ ಕಾನೂನಿನಲ್ಲಿ ಬೆಲೆಯಿಲ್ಲ. ಆದರೆ 1999ರ ಮಹಾರಾಷ್ಟ್ರ ಸಂಘಟಿತ ಅಪರಾಧ ನಿಯಂತ್ರಣ ಕಾಯ್ದೆ, ಎಂದರೆ ಮೋಕಾ, ಹೇರಿದ ಪ್ರಕರಣಗಳಲ್ಲಿ ಎಸ್‌ಪಿ ದರ್ಜೆಗೆ ಕಡಿಮೆಯಿಲ್ಲದ ಅಧಿಕಾರಿ ದಾಖಲಿಸಿದ ತಪ್ಪೊಪ್ಪಿಗೆ ಸಾಕ್ಷ್ಯವಾಗುತ್ತದೆ. ನಂತರ ಆರೋಪಿಯನ್ನು ಮ್ಯಾಜಿಸ್ಟ್ರೇಟರ ಮುಂದೆ ನಿಲ್ಲಿಸಬೇಕು. ಹಿಂಸೆಯ ದೂರು ಹೇಳಿದರೆ ಅವರು ವೈದ್ಯಕೀಯ ತಪಾಸಣೆಗೆ ಕಳುಹಿಸಬೇಕು. ಹಿಂಸೆ ನಡೆದಿದ್ದರೆ ಅದನ್ನು ಹೇಳಬೇಕಾದ ಗಳಿಗೆ ಅದು. 2006ರ ಜುಲೈ 11ರ ಮುಂಬೈ ಲೋಕಲ್ ರೈಲು ಸ್ಫೋಟಗಳ ಮೊಕದ್ದಮೆಯಲ್ಲಿ ವಿಶೇಷ ನ್ಯಾಯಾಲಯ 2015ರಲ್ಲಿ ಐವರಿಗೆ ಮರಣದಂಡನೆ, ಏಳು ಮಂದಿಗೆ ಜೀವಾವಧಿ ವಿಧಿಸಿತ್ತು. 2025ರ ಜುಲೈ 21ರಂದು ಬಾಂಬೆ ಹೈಕೋರ್ಟು ಮೋಕಾದಡಿ ಪಡೆದ ತಪ್ಪೊಪ್ಪಿಗೆಗಳನ್ನು ನಂಬಲರ್ಹವಲ್ಲವೆಂದು ತಳ್ಳಿಹಾಕಿ ಹನ್ನೆರಡೂ ಜನರನ್ನು ಖುಲಾಸೆ ಮಾಡಿತು. ಗಲ್ಲಿನ ಶಿಕ್ಷೆಯಾಗಿದ್ದ ಒಬ್ಬನು ಅಷ್ಟರಲ್ಲಿ ನಾಗಪುರದ ಜೈಲಿನಲ್ಲಿದ್ದಾಗಲೇ ಸತ್ತಿದ್ದನು. ಮೂರು ದಿನಗಳ ಬಳಿಕ ಸುಪ್ರೀಂ ಕೋರ್ಟು ಆ ತೀರ್ಪನ್ನು ಬೇರೆ ಪ್ರಕರಣಗಳಿಗೆ ಮೇಲ್ಪಂಕ್ತಿಯಾಗಿ ಬಳಸದಂತೆ ತಡೆ ನೀಡಿತು, ಆದರೆ ಬಿಡುಗಡೆಯಾದವರನ್ನು ಮರಳಿ ಜೈಲಿಗೆ ಕಳುಹಿಸಲಿಲ್ಲ. ಮೋಕಾ ಹೇರಲಾಗಿದೆ ಎಂದು ಕೇಳಿದ ದಿನವೇ ಅನುಭವಿ ವಕೀಲರನ್ನು ಹಿಡಿಯಬೇಕು.

ಸೆಷನ್ಸ್ ನ್ಯಾಯಾಲಯ ಗಲ್ಲು ವಿಧಿಸಿದರೂ ಹೈಕೋರ್ಟು ದೃಢೀಕರಿಸದೆ ಅದು ಜಾರಿಯಾಗದು. ಮುಂಬೈ, ಪುಣೆಯ ಪ್ರಕರಣಗಳು ಮುಂಬೈ ಪೀಠಕ್ಕೆ, ಗೋವೆಯವು ಪರ್ವರಿಯ ಪೀಠಕ್ಕೆ, ಸೊಲ್ಲಾಪುರ, ಸಾಂಗಲಿಯವು 2025ರ ಆಗಸ್ಟ್ 18ರಿಂದ ಕೊಲ್ಹಾಪುರದ ಪೀಠಕ್ಕೆ ಹೋಗುತ್ತವೆ. ಸುಪ್ರೀಂ ಕೋರ್ಟಿನಲ್ಲಿ ಸೋತ ವಿಷಯವನ್ನು ಜೈಲಿನ ಅಧಿಕಾರಿ ತಿಳಿಸಿದ ಮೂವತ್ತು ದಿನಗಳೊಳಗೆ ಕ್ಷಮಾದಾನದ ಅರ್ಜಿ ಹೋಗಬೇಕು. ಅಲ್ಲಿಯೂ ವಿಳಂಬಕ್ಕೆ ಬೆಲೆಯಿದೆ: ಪುಣೆಯ 2007ರ ಬಿಪಿಒ ಉದ್ಯೋಗಿಯ ಕೊಲೆಯ ಇಬ್ಬರು ಅಪರಾಧಿಗಳ ಗಲ್ಲನ್ನು, ಸರ್ಕಾರ ಅನಗತ್ಯ ತಡ ಮಾಡಿತೆಂಬ ಕಾರಣಕ್ಕೆ ಹೈಕೋರ್ಟು 2019ರಲ್ಲಿ 35 ವರ್ಷಗಳ ಸೆರೆಗೆ ಇಳಿಸಿತು.

ಖುಲಾಸೆಯಾದವನಿಗೆ ಪರಿಹಾರ ಕೊಡುವ ಪ್ರತ್ಯೇಕ ಕಾನೂನು ನಮ್ಮಲ್ಲಿ ಇನ್ನೂ ಆಗಿಲ್ಲ. 2018ರಲ್ಲಿ ಕಾನೂನು ಆಯೋಗ ತನ್ನ 277ನೇ ವರದಿಯಲ್ಲಿ ಅದನ್ನು ಶಿಫಾರಸು ಮಾಡಿತ್ತು. ನಾಸಿಕ ಜಿಲ್ಲೆಯ 2003ರ ಪ್ರಕರಣವೊಂದರಲ್ಲಿ ಅಲೆಮಾರಿ ಸಮುದಾಯದ ಆರು ಜನರಿಗೆ 2009ರಲ್ಲಿ ಸುಪ್ರೀಂ ಕೋರ್ಟೇ ಗಲ್ಲು ವಿಧಿಸಿತ್ತು. ಪ್ರತ್ಯಕ್ಷ ಸಾಕ್ಷಿಯು ಮೊದಲು ಪೊಲೀಸರ ಫೋಟೋಗಳಲ್ಲಿ ಬೇರೆ ನಾಲ್ವರನ್ನು ಗುರುತಿಸಿದ್ದರೂ ಅವರ ತನಿಖೆಯೇ ನಡೆಯಲಿಲ್ಲವೆಂದು ಕಂಡು, 2019ರಲ್ಲಿ ಅದೇ ನ್ಯಾಯಾಲಯ ಆರೂ ಜನರನ್ನು ಬಿಟ್ಟು, ತಲಾ 5 ಲಕ್ಷ ರೂಪಾಯಿ ಕೊಡಲು ರಾಜ್ಯಕ್ಕೆ ಆದೇಶಿಸಿತು. ಅಂಥ ಆದೇಶ ನ್ಯಾಯಾಲಯದ ವಿವೇಚನೆಗೆ ಬಿಟ್ಟದ್ದಾದ್ದರಿಂದ, ಕೇಳಬೇಕೆಂದಿರುವವರು ವಕೀಲರ ಮೂಲಕ ಹೈಕೋರ್ಟಿಗೆ ರಿಟ್ ಅರ್ಜಿ ಹಾಕಬೇಕಾಗುತ್ತದೆ. ಖುಲಾಸೆಯ ತೀರ್ಪಿನ ದೃಢೀಕೃತ ಪ್ರತಿಗಳನ್ನು ಒಂದಕ್ಕಿಂತ ಹೆಚ್ಚು ತೆಗೆದಿಟ್ಟುಕೊಂಡು ಒಂದನ್ನು ಊರಿನ ಮನೆಗೂ ಕಳುಹಿಸುವುದು ಒಳ್ಳೆಯದು; ಪಾಸ್‌ಪೋರ್ಟಿನ ಪೊಲೀಸ್ ಪರಿಶೀಲನೆಯ ವೇಳೆ ಹಳೆಯ ಮೊಕದ್ದಮೆಯ ಪ್ರಶ್ನೆ ಎದ್ದರೆ ತೋರಿಸಲು ಕೈಯಲ್ಲಿರುವುದು ಅದೊಂದೇ.