ಪೆರೋಲ್ ವಿಸ್ತರಣೆ: ಒಂದು ಸಾಲಿನ ಹಿಂಬರಹದ ಎದುರು

ಧಾರವಾಡದ ಹೈಕೋರ್ಟ್ ಪೀಠದಲ್ಲಿ ಸಜಾ ಬಂದಿಗಳ ಅರ್ಜಿಗಳನ್ನು ನಡೆಸುವ ನನಗೆ ಮೊದಲ ಪೆರೋಲ್‌ಗಿಂತ ಅದರ ವಿಸ್ತರಣೆಯೇ ಹೆಚ್ಚು ಕಾಡುತ್ತದೆ. ಮೊದಲನೆಯದು ತಡವಾದರೆ ಬಂದಿ ಒಳಗೇ ಕಾಯುತ್ತಾನೆ. ವಿಸ್ತರಣೆಯಲ್ಲಿ ಮರಳಿ ಹಾಜರಾಗಬೇಕಾದ ದಿನಾಂಕ ಆದೇಶದಲ್ಲೇ ಇರುತ್ತದೆ. ಅರ್ಜಿ ಯಾವುದೋ ಕಡತದಲ್ಲಿ ಕೊಳೆಯುತ್ತಿದ್ದರೂ ಆ ದಿನ ಬಂದೇ ಬರುತ್ತದೆ.

ಒಂದು ಪ್ರಕರಣವನ್ನೇ ಹೇಳುತ್ತೇನೆ. ಜೀವಾವಧಿ ಶಿಕ್ಷೆಯ ಬಂದಿಯೊಬ್ಬ ತಾಯಿಯ ಸೊಂಟದ ಮೂಳೆಯ ಶಸ್ತ್ರಚಿಕಿತ್ಸೆಗೆಂದು ಪೆರೋಲ್ ಮೇಲೆ ಊರಿಗೆ ಬಂದಿದ್ದ. ರಕ್ತದೊತ್ತಡ ಹತೋಟಿಗೆ ಬಾರದೆ ಶಸ್ತ್ರಚಿಕಿತ್ಸೆ ಮುಂದಕ್ಕೆ ಹೋಯಿತು. ಗಡುವು ಹತ್ತಿರವಾದಾಗ ತಾಯಿ ಆಗಷ್ಟೇ ಆಸ್ಪತ್ರೆಯಿಂದ ಮನೆಗೆ ಬಂದಿದ್ದರು. ಮಗ್ಗುಲು ಬದಲಿಸಲೂ ಇನ್ನೊಬ್ಬರು ಬೇಕು. ಅವನ ಅಕ್ಕ ಕಚೇರಿಗೆ ಬಂದು, “ವಕೀಲ ಸಾಹೇಬರೇ, ಇನ್ನೊಂದು ತಿಂಗಳು ತಮ್ಮ ಇದ್ದರೆ ಅವ್ವ ಎದ್ದು ಕೂಡುತ್ತಾಳೆ” ಎಂದರು. ವಿಸ್ತರಣೆಯ ಕೋರಿಕೆಗೆ ಅಧಿಕಾರಿ ಕೊಟ್ಟ ಲಿಖಿತ ಉತ್ತರ, ಅಂದರೆ ಹಿಂಬರಹ, ಅವರ ಕೈಯಲ್ಲಿತ್ತು. ಅದರಲ್ಲಿ ಒಂದೇ ಸಾಲು: ‘ಪೊಲೀಸ್ ವರದಿ ಪ್ರತಿಕೂಲವಾಗಿರುವುದರಿಂದ ಕೋರಿಕೆಯನ್ನು ಪರಿಗಣಿಸಲು ಅವಕಾಶವಿರುವುದಿಲ್ಲ.’

ಆ ವರದಿಯನ್ನು ತರಿಸಿ ನೋಡಿದೆ. ‘ಗ್ರಾಮದಲ್ಲಿ ಶಾಂತಿಭಂಗವಾಗುವ ಸಂಭವವಿದೆ’ ಎಂದಿತ್ತು. ಮೊದಲ ಪೆರೋಲ್‌ನ ಹೊತ್ತಿಗೆ ಇಂತಹ ಮಾತು ಬರೀ ಊಹೆ, ಅದನ್ನು ಸುಳ್ಳೆಂದು ತೋರಿಸುವುದು ಕಷ್ಟ. ಆದರೆ ವಿಸ್ತರಣೆ ಕೇಳುವವನು ಆಗಲೇ ಊರಿನಲ್ಲಿ ಇದ್ದಾನೆ. ಶಾಂತಿ ಕದಡಿತೇ ಇಲ್ಲವೇ ಎಂಬುದಕ್ಕೆ ದಾಖಲೆ ಸಿಗುತ್ತದೆ. ಠಾಣೆಯ ಹಾಜರಿ ಪುಸ್ತಕದಲ್ಲಿ ಪ್ರತಿ ವಾರವೂ ಅವನ ಸಹಿ, ಪಕ್ಕದಲ್ಲಿ ಠಾಣಾ ಸಿಬ್ಬಂದಿಯ ಕಿರುಸಹಿ. ಅವನ ಮೇಲೆ ಒಂದು ದೂರೂ ಇರಲಿಲ್ಲ. ಶಾಂತಿಭಂಗದ ಭಯ ಬರೆದದ್ದೂ ಅದೇ ಠಾಣೆ! ಅರ್ಜಿಯ ಜೀವ ಆ ಪುಟದ ನಕಲಿನಲ್ಲಿತ್ತು. ವೈದ್ಯರ ಪ್ರಮಾಣಪತ್ರದಲ್ಲಿ ‘ಅನಾರೋಗ್ಯದಿಂದ ಬಳಲುತ್ತಿದ್ದಾರೆ’ ಎಂಬ ಸಿದ್ಧ ಮಾತು ಸಾಲದು. ಶಸ್ತ್ರಚಿಕಿತ್ಸೆ ಯಾವುದು, ಎಂದು ಆಯಿತು, ಎಷ್ಟು ವಾರ ಆರೈಕೆ ಬೇಕು, ಮುಂದಿನ ತಪಾಸಣೆ ಎಂದು ಎಂಬುದನ್ನೆಲ್ಲ ಬರೆಸಿಕೊಂಡೆವು.

ಸಂವಿಧಾನದ 226ನೇ ವಿಧಿಯಡಿ, ಆ ಹಿಂಬರಹವನ್ನು ಪ್ರಶ್ನಿಸಿ ಹೈಕೋರ್ಟಿಗೆ ರಿಟ್ ಅರ್ಜಿ ಸಲ್ಲಿಸಿ ತುರ್ತು ವಿಚಾರಣೆ ಕೋರಿದೆ. ಪೆರೋಲ್ ಹಕ್ಕಲ್ಲ ಎಂದು ಸರ್ಕಾರಿ ವಕೀಲರು ಹೇಳಿದರು. ಅದನ್ನು ನಾನು ಅಲ್ಲಗಳೆಯಲಿಲ್ಲ. ಆದರೆ ಕೋರಿಕೆಯನ್ನು ನ್ಯಾಯವಾಗಿ ತೂಗಿ, ಕಾರಣ ಕೊಟ್ಟು ತೀರ್ಮಾನಿಸಿ ಎನ್ನುವುದು ಬಂದಿಯ ಹಕ್ಕೇ. ಶಿಕ್ಷೆಯಾದ ಮಾತ್ರಕ್ಕೆ ಮೂಲಭೂತ ಹಕ್ಕುಗಳೆಲ್ಲ ಕಳಚಿ ಬೀಳುವುದಿಲ್ಲ ಎಂದು ಸುನಿಲ್ ಬಾತ್ರಾ ಪ್ರಕರಣದಲ್ಲಿ 1978ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ಅಪರಾಧ ಘೋರವೆಂಬ ಒಂದೇ ಕಾರಣಕ್ಕೆ ಪೆರೋಲ್ ನಿರಾಕರಿಸಬಾರದು ಎನ್ನುವುದು ಅದೇ ಕೋರ್ಟಿನ 2017ರ ಅಶ್ಫಾಕ್ ತೀರ್ಪು.

ಆಗ ಸರ್ಕಾರದ ಆಕ್ಷೇಪಣೆಯಲ್ಲಿ ಹೊಸ ಕಾರಣವೊಂದು ಬಂತು: ಆ ಅಪರಾಧದಲ್ಲಿ ಮೃತರಾದವರ ಕುಟುಂಬದವರ ವಿರೋಧ. ಅವರ ನೋವು ಸಣ್ಣದಲ್ಲ, ಅಧಿಕಾರಿ ಅದನ್ನು ಕೇಳಲೇಬೇಕು. ಆದರೆ ಕೇಳಿದ್ದರೆ ಹಿಂಬರಹದಲ್ಲಿ ಇರಬೇಕಿತ್ತು. ಆದೇಶದಲ್ಲಿ ಇಲ್ಲದ ಕಾರಣವನ್ನು ಆಮೇಲೆ ಕೋರ್ಟಿಗೆ ಸಲ್ಲಿಸುವ ಅಫಿಡವಿಟ್‌ನಲ್ಲಿ ತುಂಬುವಂತಿಲ್ಲ ಎಂದು ಮೊಹಿಂದರ್ ಸಿಂಗ್ ಗಿಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿದೆ. ನ್ಯಾಯಮೂರ್ತಿಗಳು ಹಿಂಬರಹವನ್ನು ಓದಿ, “ಇದರಲ್ಲಿ ಆ ಮಾತು ಎಲ್ಲಿದೆ?” ಎಂದು ಕೇಳಿದರು. ಉತ್ತರ ಬರಲಿಲ್ಲ.

ಇಂತಹ ಅರ್ಜಿಗಳು ಎಷ್ಟೋ ಬಾರಿ ‘ಮರುಪರಿಶೀಲಿಸಿ’ ಎಂಬ ಆದೇಶದೊಂದಿಗೆ ಕಚೇರಿಗೇ ಮರಳುತ್ತವೆ. ಮರುಪರಿಶೀಲನೆ ಮುಗಿಯುವಷ್ಟರಲ್ಲಿ ಗಡುವು ಕಳೆದಿರುತ್ತದೆ. ಆದ್ದರಿಂದ ಹಾಗೆ ಕಳುಹಿಸುವುದಾದರೂ ತೀರ್ಮಾನವಾಗುವವರೆಗೆ ಮಧ್ಯಂತರ ವಿಸ್ತರಣೆ ಕೊಡಬೇಕೆಂದು ಕೋರಿಕೆಯಲ್ಲೇ ಬರೆಯುತ್ತೇನೆ. ಈ ಪ್ರಕರಣದಲ್ಲಿ ಪೀಠವೇ ಅವಧಿಯನ್ನು ವಿಸ್ತರಿಸಿತು. ವಾರಕ್ಕೊಮ್ಮೆ ಠಾಣೆಗೆ ಹಾಜರಿ, ಮತ್ತೆ ವಿಸ್ತರಣೆ ಕೇಳಕೂಡದು ಎಂಬ ಷರತ್ತುಗಳಿದ್ದವು.

ಮನೆಯವರಿಗೆ ಎರಡು ವಿಷಯ ಮೊದಲೇ ಹೇಳಿಬಿಡುತ್ತೇನೆ. ಅರ್ಜಿ ಬಾಕಿ ಇದೆ ಎಂದು ಊರಿನಲ್ಲಿ ಉಳಿಯುವಂತಿಲ್ಲ. ಆದೇಶ ಕೈಗೆ ಬರದಿದ್ದರೆ ಗೊತ್ತುಪಡಿಸಿದ ದಿನ ಜೈಲಿನ ಬಾಗಿಲಲ್ಲಿ ನಿಂತಿರಬೇಕು. ತಡವಾದರೆ ಮುಂದಿನ ಪೆರೋಲ್‌ಗೂ ಕುತ್ತು. ಇನ್ನೊಂದು, ಅವಧಿಪೂರ್ವ ಬಿಡುಗಡೆಗೆ ಬೇಕಾದ ವಾಸ್ತವ ಸೆರೆವಾಸವನ್ನು ಲೆಕ್ಕ ಹಾಕುವಾಗ ಪೆರೋಲ್ ದಿನಗಳನ್ನು ಕಳೆಯಬೇಕು ಎಂದು ಗೋವಾದ ಕೈದಿಗಳ ಪ್ರಕರಣದಲ್ಲಿ 2023ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ತೀರ್ಪು ನೀಡಿದೆ. ಹೊರಗೆ ಉಳಿದ ಒಂದೊಂದು ದಿನವೂ ಬಿಡುಗಡೆಯನ್ನು ಅಷ್ಟೇ ದೂರ ತಳ್ಳಬಹುದು. ಇದನ್ನು ತಿಳಿದ ಮೇಲೂ ಆ ಅಕ್ಕ ವಕಾಲತ್ತಿಗೆ ತಮ್ಮನ ಸಹಿ ಹಾಕಿಸಿ ತಂದರು.