ಮದುವೆ ಕ್ಯಾಸೆಟ್‌ಗಳ ಸೀಳುಗೆರೆ ಹೋದದ್ದು ಹೀಗೆ

ಆಲಮಟ್ಟಿ ಹಿನ್ನೀರಿನಲ್ಲಿ ಮುಳುಗಿದ ಹಳೆ ಬಾಗಲಕೋಟೆಯ ಓಣಿಗಳ ಕುರಿತು, ಪರಿಚಿತರ ಮನೆಗಳಲ್ಲಿ ಉಳಿದಿದ್ದ ಮದುವೆಯ ವಿಎಚ್‌ಎಸ್ ಕ್ಯಾಸೆಟ್‌ಗಳಿಂದಲೇ ಒಂದು ಕಿರುಚಿತ್ರ ಕಟ್ಟುತ್ತಿದ್ದೇನೆ. ಕಂಪ್ಯೂಟರಿಗೆ ಇಳಿಸಿದ ದೃಶ್ಯಗಳಲ್ಲಿ ಗೋಡೆ, ಕಟ್ಟೆಗಳು ಸರಿಯಾಗಿಯೇ ಇದ್ದವು. ಮೆರವಣಿಗೆ ಹೊರಟೊಡನೆ ಮಾತ್ರ ಬ್ಯಾಂಡಿನವರ ತೋಳು, ವರನ ಬಾಸಿಂಗದ ಅಂಚು ಬಾಚಣಿಗೆಯ ಹಲ್ಲಿನಂತೆ ಸೀಳಿ ಕಾಣುತ್ತಿದ್ದವು.

ಇದು ಕ್ಯಾಸೆಟ್ ಹಾಳಾದ ಲಕ್ಷಣವಲ್ಲ. ನಮ್ಮಲ್ಲಿ ಬಳಕೆಯಲ್ಲಿದ್ದ ಪಾಲ್ ಎಂಬ ಟಿವಿ ಪದ್ಧತಿಯಲ್ಲಿ ಸೆಕೆಂಡಿಗೆ 25 ಫ್ರೇಮ್‌ಗಳಿದ್ದು (ಬಿಡಿ ಚಿತ್ರಗಳಿದ್ದು), ಪ್ರತಿ ಫ್ರೇಮೂ ಬೆಸ ಗೆರೆಗಳದೊಂದು, ಸಮ ಗೆರೆಗಳದೊಂದು ಎಂದು ಎರಡು ಫೀಲ್ಡ್‌ಗಳಿಂದ ಕೂಡಿರುತ್ತದೆ. ಅವುಗಳ ನಡುವೆ ಸೆಕೆಂಡಿನ 1/50 ಭಾಗದಷ್ಟು ಕಾಲ ಸರಿದಿರುವುದರಿಂದ, ಎರಡನ್ನೂ ಒಟ್ಟಿಗೆ ತೋರಿಸಿದಾಗ ಚಲಿಸುವ ವಸ್ತು ಎರಡು ಜಾಗದಲ್ಲಿ ಕಾಣುತ್ತದೆ.

ಎಫ್‌ಎಫ್‌ಎಂಪೆಗ್ ಎಂಬ ಉಚಿತ ತಂತ್ರಾಂಶದ ಬಿಡಬ್ಲ್ಯುಡಿಫ್ ಫಿಲ್ಟರ್‌ನಿಂದ ಪ್ರತಿ ಫೀಲ್ಡನ್ನೂ ಪೂರ್ಣ ಫ್ರೇಮ್ ಮಾಡಿಸಿ, ಸೆಕೆಂಡಿಗೆ 50 ಫ್ರೇಮ್‌ಗಳ ಕಡತ ಪಡೆದೆ. ಯಾವ ಫೀಲ್ಡ್ ಮೊದಲು ಎಂಬುದನ್ನು ಇಲ್ಲಿ ಸರಿಯಾಗಿ ತಿಳಿಸಬೇಕು. ಕ್ರಮ ತಪ್ಪಿದರೆ ನಡೆಯುವವರು ಹಿಂದಕ್ಕೂ ಮುಂದಕ್ಕೂ ತುಯ್ದಾಡುತ್ತಾರೆ. ಡಿವಿ (ಡಿಜಿಟಲ್ ವಿಡಿಯೊ) ಮಾದರಿಯ ಕಡತಗಳಲ್ಲಿ ಕೆಳಗಿನ ಫೀಲ್ಡ್, ಅಂದರೆ ಸಮ ಗೆರೆಗಳದು, ಮೊದಲು ಬರುತ್ತದೆ. ಚಿತ್ರದ ಅಳತೆ ಹಿಗ್ಗಿಸುವುದಕ್ಕೆ ಮುಂಚೆಯೇ ಈ ಕೆಲಸ ಮುಗಿಯಬೇಕು, ಏಕೆಂದರೆ ಹಿಗ್ಗಿಸಿದ ಮೇಲೆ ಎರಡೂ ಫೀಲ್ಡ್‌ಗಳ ಗೆರೆಗಳು ಒಂದರೊಳಗೊಂದು ಕಲಸಿಹೋಗಿ, ಬೇರ್ಪಡಿಸಲು ಬರುವುದಿಲ್ಲ.

ಕೆಳಅಂಚಿನಲ್ಲಿ ಹರಿದಾಡುವ ಗೆರೆಗಳು ವಿಎಚ್‌ಎಸ್‌ನಲ್ಲಿ ಸಹಜವಾದ್ದರಿಂದ ಅವನ್ನು ಕತ್ತರಿಸಿದೆ. ಬಣ್ಣವನ್ನು ಮುಟ್ಟಲಿಲ್ಲ; ಮಾಸಿದ ಕೆಂಪೇ ಈ ಚಿತ್ರಕ್ಕೆ ಒಪ್ಪುತ್ತದೆಂದು ನನ್ನ ಅಭಿಪ್ರಾಯ. ಇನ್ನೊಂದು ಲಾಭವೂ ಸಿಕ್ಕಿತು: 50 ಫ್ರೇಮ್‌ಗಳನ್ನು ಸೆಕೆಂಡಿಗೆ 25 ಫ್ರೇಮ್‌ಗಳ ಸಂಕಲನ ಟೈಮ್‌ಲೈನ್‌ನಲ್ಲಿ ಒಂದೊಂದಾಗಿ ಹಾಸಿದರೆ, ಯಾವ ಕೃತಕ ಫ್ರೇಮನ್ನೂ ಸೇರಿಸದೆ ಅರ್ಧ ವೇಗದ ಚಲನೆ ಸಿಗುತ್ತದೆ, ಮೆರವಣಿಗೆಯ ಹಿಂದಿನ ಅಂಗಡಿಗಳ ಫಲಕಗಳನ್ನು ಓದಲು ಸಾಕಷ್ಟು ಸಮಯವೂ ಇರುತ್ತದೆ.