ಬಂಗಾರಪ್ಪನವರ ಮೇಲೆ ಅರ್ಧ ಗಂಟೆ

ಸುದ್ದಿ ಚಾನೆಲ್‌ನಲ್ಲಿದ್ದಾಗ ವಾರಕ್ಕೊಬ್ಬ ನಾಯಕರ ಬಗ್ಗೆ ಅರ್ಧ ಗಂಟೆಯ ಕಾರ್ಯಕ್ರಮ ಮಾಡುತ್ತಿದ್ದೆ. ಜಾಹೀರಾತು ಕಳೆದರೆ ಇಪ್ಪತ್ತೆರಡು ನಿಮಿಷ ಸಿಕ್ಕರೆ ಪುಣ್ಯ. ಆ ನಾಯಕರಲ್ಲಿ ನನಗೆ ಜಾಸ್ತಿ ಕೆಲಸ ಕೊಟ್ಟವರು ಮಾಜಿ ಮುಖ್ಯಮಂತ್ರಿ ಎಸ್. ಬಂಗಾರಪ್ಪ. 2011ರ ಡಿಸೆಂಬರ್‌ನಲ್ಲಿ ಅವರು ತೀರಿಕೊಂಡ ಮೇಲೆ ಮಾಡಿದ್ದು.

ಎಲ್ಲರ ಬಾಯಲ್ಲೂ ಒಂದೇ ಬಿರುದು, 'ಸೋಲಿಲ್ಲದ ಸರದಾರ'. ಅವರ ವಿಧಾನಸಭಾ ಕ್ಷೇತ್ರ ಸೊರಬದ ಮಟ್ಟಿಗೆ ನಿಜ. 1967ರಿಂದ ಅಲ್ಲಿ ಗೆಲ್ಲುತ್ತಲೇ ಬಂದರು. ಆದರೆ 1998ರಲ್ಲಿ ಶಿವಮೊಗ್ಗ ಲೋಕಸಭಾ ಕ್ಷೇತ್ರದಲ್ಲಿ ಸೋತರು. 2008ರಲ್ಲಿ ಶಿಕಾರಿಪುರದಲ್ಲಿ ಯಡಿಯೂರಪ್ಪನವರ ಎದುರು, ಮರುವರ್ಷ ಲೋಕಸಭೆ ಚುನಾವಣೆಯಲ್ಲಿ ಯಡಿಯೂರಪ್ಪನವರ ಮಗನ ಎದುರು. ಅದಕ್ಕೇ ನಾನು ಫೂಟೇಜ್ ಹುಡುಕುವ ಮೊದಲು ತಾರೀಖುಗಳ ಪಟ್ಟಿ ಬರೆಯುತ್ತೇನೆ. ಇವರು ಬಿಟ್ಟ ಪಕ್ಷ, ಸೇರಿದ ಪಕ್ಷ ಬರೆಯುವಷ್ಟರಲ್ಲೇ ಹಾಳೆ ತುಂಬಿತು!

ಪಟ್ಟಿಯಲ್ಲಿ ನನ್ನ ಕಣ್ಣು ನಿಂತದ್ದು 1991ರ ಮೇಲೆ. ಆಗ ಅವರು ಮುಖ್ಯಮಂತ್ರಿ. ಜೂನ್‌ನಲ್ಲಿ ಕಾವೇರಿ ನ್ಯಾಯಮಂಡಳಿಯ ಮಧ್ಯಂತರ ಆದೇಶ ಬಂತು, ತಮಿಳುನಾಡಿಗೆ ವರ್ಷಕ್ಕೆ 205 ಟಿಎಂಸಿ ನೀರು ಬಿಡಬೇಕು ಅಂತ. ಜುಲೈನಲ್ಲಿ ಅದಕ್ಕೆ ಎದುರಾಗಿ ಸುಗ್ರೀವಾಜ್ಞೆ ತಂದರು. ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಅದು ಸಂವಿಧಾನಕ್ಕೆ ವಿರುದ್ಧ ಅಂದಿತು. ಡಿಸೆಂಬರ್‌ನಲ್ಲಿ ಬೆಂಗಳೂರಿನಲ್ಲಿ ಗಲಭೆ, ತಮಿಳರು ಊರು ಬಿಟ್ಟು ಓಡಬೇಕಾಯಿತು.

ಅಭಿಮಾನಿಗಳ ಕಥೆ ಜುಲೈಗೆ ಮುಗಿಯುತ್ತಿತ್ತು. ವಿರೋಧಿಗಳದ್ದು ಡಿಸೆಂಬರ್‌ನಿಂದ ಶುರು. "ಅವರು ಎಂಥ ನಾಯಕರು ಸರ್?" ಅಂತ ಸುಮ್ನೆ ಕೇಳಿದರೆ ಭಾಷಣ ಸಿಗುತ್ತದೆ, ಬೈಟ್ (ಟಿವಿಯಲ್ಲಿ ಹಾಕುವಂಥ ಚಿಕ್ಕ ಮಾತು) ಸಿಗಲ್ಲ. ಹಾಗಾಗಿ ಇಬ್ಬರಿಗೂ ಒಂದೇ ಪ್ರಶ್ನೆ ಇಟ್ಟೆ: "ಕೋರ್ಟ್ ಬೇಡ ಅಂದ ಮೇಲೆ ಸರ್ಕಾರ ಏನು ಮಾಡಬೇಕಿತ್ತು?" ಹೊಗಳುತ್ತಿದ್ದವರು ತಡವರಿಸಿದರು. ಬೈಯುತ್ತಿದ್ದವರೂ ತಡವರಿಸಿದರು, ನೀರು ಬಿಡಬೇಕಿತ್ತು ಅಂತ ಕ್ಯಾಮೆರಾ ಮುಂದೆ ಹೇಳೋರು ಯಾರು? ಎಡಿಟರ್ ಆ ಮೌನವನ್ನೆಲ್ಲ ಕತ್ತರಿಸಲು ಹೊರಟಿದ್ದರು. ಬಿಡಲಿಲ್ಲ. ಇಡೀ ಕಾರ್ಯಕ್ರಮದಲ್ಲಿ ಯಾರೂ ಬಾಯಿಪಾಠ ಒಪ್ಪಿಸದ ಜಾಗ ಅದೊಂದೇ.

ಅವರ ಸರ್ಕಾರ ಬಡವರಿಗೆ ಕೊಟ್ಟ ಆಶ್ರಯ ಮನೆಗಳು, ಗುಡಿಗಳಿಗೆ ದುಡ್ಡು ಕೊಟ್ಟ ಆರಾಧನಾ ಯೋಜನೆ, ಇವಕ್ಕೆ ಹಳ್ಳಿಗೇ ಹೋಗಿ ಚಿತ್ರೀಕರಿಸಿದೆವು. ಅಲ್ಲಿ ವಾಯ್ಸ್ ಓವರ್ ಬೇಕೇ ಆಗಲಿಲ್ಲ, ಜನ ತಾವೇ ತೋರಿಸಿಕೊಂಡು ಹೋದರು.

ಹಗರಣಗಳ ವಿಷಯದಲ್ಲಿ ನನ್ನದೊಂದು ಹಟ. ಆರೋಪ ಹೇಳಿದರೆ ಅದು ಕೊನೆಗೆ ಏನಾಯಿತು ಅನ್ನೋದನ್ನೂ ಅದೇ ಉಸಿರಿನಲ್ಲಿ ಹೇಳಬೇಕು. ಬ್ರೇಕ್ ಆದ ಮೇಲೆ ಹೇಳೋಣ ಅಂದರೆ ಅಷ್ಟರಲ್ಲಿ ಅರ್ಧ ಜನ ಚಾನೆಲ್ ಬದಲಾಯಿಸಿರುತ್ತಾರೆ.